ಮೊಸಳೆಯ ಕುಳಿ ಯಾವ ಕಡೆಗೆ

ಪ್ರಾಣಿಶಾಸ್ತ್ರ ವಿಭಾಗದ ಕೆಳಮಹಡಿಯಲ್ಲಿ ಉದ್ದನೆಯ ಹಜಾರವೊಂದಿತ್ತು. ಅದಕ್ಕೆ ವಸ್ತುಸಂಗ್ರಹಾಲಯವೆಂದು ಹೆಸರು. ಎಲುಬುಗಳನ್ನು ಜೋಡಿಸಿ ನಿಲ್ಲಿಸುವುದು, ಅವುಗಳ ಧೂಳು ಹೊಡೆಯುವುದು, ಬಂದವರಿಗೆ ವಿವರಿಸುವುದು, ಹೋದವರ ಹಿಂದೆ ದೀಪ ಆರಿಸುವುದು, ಇಷ್ಟೂ ಅಲ್ಲಿ ಒಬ್ಬರದೇ ಕೆಲಸವಾಗಿತ್ತು. ಅವರನ್ನು ಎಲ್ಲರೂ ಮಣಿ ಮೇಷ್ಟ್ರು ಎನ್ನುತ್ತಿದ್ದರು. ಅದು ಹೆತ್ತವರು ಇಟ್ಟ ಹೆಸರಲ್ಲ. ಬೆನ್ನುಮೂಳೆಯ ಬಿಡಿ ಎಲುಬಿಗೆ ಬೆನ್ನುಮಣಿ ಎನ್ನುತ್ತಾರಷ್ಟೆ; ಮೇಷ್ಟ್ರ ಕೋಟಿನ ಕಿಸೆಯಲ್ಲಿ ಅಂಥ ಮಣಿ ಒಂದೆರಡು ಯಾವಾಗಲೂ ಇರುತ್ತಿದ್ದವು. ಬೇರೆಯವರು ಕಿಸೆಗೆ ಕೈಹಾಕಿ ಅಡಿಕೆಯನ್ನೋ ಬೀಗದ ಕೈಯನ್ನೋ ತೆಗೆದರೆ ಇವರು ದನದ ಕುತ್ತಿಗೆಯ ಮಣಿ ತೆಗೆಯುತ್ತಿದ್ದರು. ಬಸ್ಸಿನಲ್ಲಿ ಪಕ್ಕದಲ್ಲಿ ಕೂತವರು ಮುಂದಿನ ನಿಲ್ದಾಣದಲ್ಲೇ ಇಳಿದುಬಿಡುತ್ತಿದ್ದುದಕ್ಕೆ ಅದೂ ಒಂದು ಕಾರಣ.

ಮಣಿಗಳ ವಿಷಯದಲ್ಲಿ ಮೇಷ್ಟ್ರಿಗೆ ಒಂದು ಪಾಠವಿತ್ತು. ಅದನ್ನು ಅವರು ಮೊದಲ ವರ್ಷದ ಹುಡುಗರಿಗೂ ಹೇಳುತ್ತಿದ್ದರು, ದಾರಿ ತಪ್ಪಿ ಒಳಗೆ ಬಂದ ಅಂಚೆಯವನಿಗೂ ಹೇಳುತ್ತಿದ್ದರು. ಪ್ರತಿಯೊಂದು ಮಣಿಗೂ ಎರಡು ಮುಖ: ಒಂದು ತಲೆಯ ಕಡೆಗೆ, ಇನ್ನೊಂದು ಬಾಲದ ಕಡೆಗೆ. ಮೀನಿನ ಮಣಿಯಲ್ಲಿ ಎರಡೂ ಮುಖಗಳು ಬಟ್ಟಲಿನಂತೆ ಒಳಕ್ಕೆ ಕುಳಿಬಿದ್ದಿರುತ್ತವೆ, ಅದು ಇಬ್ಬದಿಕುಳಿ. ದನ, ಕುದುರೆಗಳ ಕುತ್ತಿಗೆಯ ಮಣಿಯಲ್ಲಿ ಮುಂದೆ ಲಿಂಬೆಹಣ್ಣಿನಂಥ ಉಬ್ಬು, ಹಿಂದೆ ಕುಳಿ, ಅದು ಹಿಂಗುಳಿ. ಮೊಸಳೆಯದು ಇದಕ್ಕೆ ತದ್ವಿರುದ್ಧ, ಕುಳಿ ಮುಂದೆ, ಉಬ್ಬು ಹಿಂದೆ, ಅದು ಮುಂಗುಳಿ. ಹಕ್ಕಿಯ ಕುತ್ತಿಗೆಯದು ಕುದುರೆಯ ಜೀನಿನ ಆಕಾರ, ಆದ್ದರಿಂದಲೇ ಅದು ಎತ್ತ ಬೇಕಾದರೂ ತಿರುಗುತ್ತದೆ. ಮನುಷ್ಯನ ಬೆನ್ನಿನದು ಎರಡೂ ಕಡೆ ಹೆಚ್ಚುಕಡಿಮೆ ಸಪಾಟು. ನಡುವೆ ಮೆತ್ತೆ ಇಟ್ಟಿದ್ದರಿಂದ ಮನುಷ್ಯ ಬದುಕಿದ.

“ಕಲ್ಲಾಗಿ ಸಿಕ್ಕ ಪ್ರಾಣಿಗೆ ಚರ್ಮ ಇಲ್ಲ, ಮಾಂಸ ಇಲ್ಲ, ಬಾಯಿ ಇಲ್ಲ,” ಎನ್ನುತ್ತಿದ್ದರು ಮೇಷ್ಟ್ರು. “ಆದರೆ ಒಂದು ಮಣಿ ಕೈಗೆ ಬಂತೋ, ಅದು ಯಾರ ಮನೆಯದು ಅಂತ ಹೇಳಿಬಿಡಬಹುದು.” ಹಾಗೆಂದು ಒಂದು ಪುಟ್ಟ ಕಲ್ಲುಮಣಿಯನ್ನು ಅಂಗೈಯಲ್ಲಿಟ್ಟು ತೋರಿಸುತ್ತಿದ್ದರು. “ಇದು ಬಹಳ ಹಿಂದಿನ ಮೊಸಳೆ. ನೋಡಿ, ಎರಡೂ ಕಡೆ ಕುಳಿ. ಮುತ್ತಜ್ಜನಿಗೆ ಎರಡು ಕುಳಿ, ಮರಿಮಗನಿಗೆ ಒಂದೇ. ಆಸ್ತಿ ಕರಗುತ್ತಾ ಬಂದಿದೆ.”

ಈ ಪಾಠ ಎಲುಬುಗಳಿಗೆ ಮಾತ್ರ ನಿಂತಿದ್ದರೆ ಯಾರಿಗೂ ತೊಂದರೆಯಿರಲಿಲ್ಲ. ಮೇಷ್ಟ್ರು ಮನುಷ್ಯರನ್ನೂ ಇದೇ ಲೆಕ್ಕದಲ್ಲಿ ವಿಂಗಡಿಸುತ್ತಿದ್ದರು. ಮನೆಯಲ್ಲಿದ್ದ ಅತ್ತೆ, ಅಂದರೆ ಹೆಂಡತಿಯ ತಾಯಿ, ಇಬ್ಬದಿಕುಳಿ: ಯಾವ ಕಡೆಯಿಂದ ಮಾತು ಹಾಕಿದರೂ ಒಳಗೆ ಎಳೆದುಕೊಳ್ಳುತ್ತಾರೆ, ಯಾವ ಕಡೆಗೂ ಸಿಕ್ಕುವುದಿಲ್ಲ. ಹೆಂಡತಿ ಜೀನುಮಣಿ: ಹೊಲಿಗೆ ಯಂತ್ರದ ಮುಂದೆ ಕೂತು ಶಾಲೆಯ ಸಮವಸ್ತ್ರ ಹೊಲಿಯುತ್ತಿದ್ದಂತೆಯೇ ಕುತ್ತಿಗೆ ತಿರುಗಿಸಿ ಬಾಗಿಲು, ಒಲೆ, ಬೀದಿ ಮೂರನ್ನೂ ನೋಡುತ್ತಾಳೆ. ಕಾಲೇಜಿನ ಸಿಬ್ಬಂದಿಯೆಲ್ಲ ಮೊಸಳೆಯ ಬೆನ್ನು: ಮೇಲಿನವರ ಉಬ್ಬಿಗೆ ತಮ್ಮ ಕುಳಿ ಒಡ್ಡುತ್ತಾರೆ, ತಮ್ಮ ಉಬ್ಬನ್ನು ಕೆಳಗಿನವರ ಕುಳಿಗೆ ಒತ್ತುತ್ತಾರೆ. ಆ ಏರ್ಪಾಡಿನಿಂದಲೇ ಸಂಸ್ಥೆ ಮುರಿಯದೆ ಓಲಾಡುತ್ತ ಮುಂದೆ ಹೋಗುತ್ತಿದೆ.

ಇನ್ನು ವಿಭಾಗದ ನಿರ್ದೇಶಕರು. ಮೊಸಳೆಯ ಬಾಲದ ಮೊಟ್ಟಮೊದಲ ಮಣಿಗೆ ಮಾತ್ರ ಎರಡೂ ಕಡೆ ಉಬ್ಬು. ಅದು ಮುಂದಿನವರನ್ನೂ ನೂಕುತ್ತದೆ, ಹಿಂದಿನವರನ್ನೂ ನೂಕುತ್ತದೆ. “ಇಡೀ ಮೈಗೆ ಅಂಥದ್ದು ಒಂದೇ ಇರೋದು ಮೊಸಳೆಯ ಪುಣ್ಯ,” ಎಂದು ಮೇಷ್ಟ್ರು ಹೇಳುತ್ತಿದ್ದರು. ಹೇಳುತ್ತಿದ್ದುದು ಮನೆಯಲ್ಲಿ, ಬಾಗಿಲು ಹಾಕಿಕೊಂಡು.

“ಮತ್ತೆ ನೀವು?” ಎಂದು ಹೆಂಡತಿ ಕೇಳುತ್ತಿದ್ದಳು.

“ನಾನು ಮುಂಗುಳಿ. ಬಂದದ್ದನ್ನು ತಗೊಳ್ಳೋನು.”

“ಹಿಂದಿನ ಉಬ್ಬು ಎಲ್ಲಿ? ನಿಮ್ಮ ಕೆಳಗೆ ಯಾರೂ ಇಲ್ವಲ್ಲ ಒತ್ತೋಕೆ.”

“ಅದು ಖಾಲಿ ಬಿದ್ದಿದೆ,” ಎನ್ನುತ್ತಿದ್ದರು ಮೇಷ್ಟ್ರು, ಬಹಳ ಶಾಂತವಾಗಿ.

ಆ ಶಾಂತಿಯೇ ಅವರ ಸ್ವಭಾವ. ಸೇವೆಗೆ ಸೇರಿದಂದಿನಿಂದ ಅವರ ಬಾಯಿಂದ ಮೇಲಧಿಕಾರಿಗಳು ಕೇಳಿದ್ದು ಒಂದೇ ಮಾತು: “ಆಗಲಿ ಸರ್.” ಕಿಟಕಿ ಮುಚ್ಚಿ ಎಂದರೂ ಆಗಲಿ ಸರ್, ಮುಚ್ಚಿದ್ದು ಯಾಕೆ ಎಂದರೂ ಆಗಲಿ ಸರ್. ನಿರ್ದೇಶಕರು ಒಮ್ಮೆ ಆನೆಯ ಕಾಲೆಲುಬನ್ನು ತಮ್ಮ ಕೋಣೆಯ ಬಾಗಿಲಿಗೆ ಒತ್ತಿಡಲು ಕೇಳಿದಾಗಲೂ ಅದೇ ಮಾತು ಬಂದಿತ್ತು. ಗಾಳಿ ಬಂದಾಗ ತೂರಿಕೊಳ್ಳುವವರ ನಡುವೆ ಇವರು ಗಾಳಿಯೇ ತೂರಲಿ ಎಂದು ನಿಂತವರು.

ಬದುಕಿನಲ್ಲಿ ಅವರು ನನ್ನದು ಎಂದುಕೊಂಡಿದ್ದ ವಸ್ತು ಒಂದೇ ಒಂದು. ಅದು ಹಜಾರದ ನಟ್ಟನಡುವೆ ಮರದ ಕಟ್ಟೆಯ ಮೇಲೆ ನಿಂತಿದ್ದ ಮೊಸಳೆಯ ಅಸ್ಥಿಪಂಜರ.

ಮೇಷ್ಟ್ರು ತಾತ್ಕಾಲಿಕ ನೌಕರಿಯ ಹುಡುಗನಾಗಿದ್ದಾಗ ಮುದಿ ಮೊಸಳೆಯೊಂದು ಮೃಗಾಲಯದಲ್ಲಿ ಸತ್ತು ವಿಭಾಗಕ್ಕೆ ಬಂದಿತ್ತು. ಹಿರಿಯರೆಲ್ಲ ಮೂಗು ಮುಚ್ಚಿಕೊಂಡು ರಜೆ ಬರೆದರು. ಮೂಗು ಮುಚ್ಚಿಕೊಳ್ಳಲು ಹುದ್ದೆ ಕಾಯಂ ಆಗಿರಬೇಕು. ಆದ್ದರಿಂದ ಕೆಲಸ ಇವರ ಪಾಲಿಗೆ ಬಂತು. ಅವರು ಅದನ್ನು ಕಟ್ಟಡದ ಹಿಂದೆ ಮರಳಿನಲ್ಲಿ ಹೂತರು, ಕಾದರು, ತೆಗೆದರು, ಬಿಸಿನೀರಿನಲ್ಲಿ ತೊಳೆದರು, ಬಿಸಿಲಿಗೆ ಹರವಿದರು. ಮಣಿಗಳನ್ನು ಒಂದೊಂದಾಗಿ ಕಬ್ಬಿಣದ ಸರಳಿಗೆ ಪೋಣಿಸಿದರು. ಒಂದರ ಉಬ್ಬು ಅದರ ಹಿಂದಿನದರ ಕುಳಿಯಲ್ಲಿ ಕೂತಾಗ ಟಕ್ಕೆಂದು ಸಣ್ಣ ಸದ್ದಾಗುತ್ತಿತ್ತು. ಆ ಸದ್ದು ಕೇಳಿಸದೆ ಅವರು ಮುಂದಿನ ಮಣಿಗೆ ಕೈಹಾಕಿದವರಲ್ಲ. ಅದೇ ಕಾಲದಲ್ಲಿ ಅವರ ಮದುವೆಯ ಮಾತುಕತೆಯೂ ನಡೆದಿತ್ತು. “ಹುಡುಗ ಬಾಗಿಲಿಗೆ ಬರೋದಕ್ಕಿಂತ ಮೊದಲು ಅವನ ವಾಸನೆ ಬಂತು,” ಎಂದು ಅತ್ತೆ ಈಗಲೂ ಹೇಳುವುದುಂಟು. “ನಮ್ಮವಳಿಗೆ ನೆಗಡಿ ಆಗಿತ್ತು. ಒಪ್ಪಿಬಿಟ್ಟಳು.”

ಹೀಗೆ ನಿಂತ ಮೊಸಳೆ ಮೂರು ತಲೆಮಾರಿನ ವಿದ್ಯಾರ್ಥಿಗಳನ್ನು ಹಲ್ಲುಕಿರಿದು ನೋಡಿತು. ಹಿಂದೆ ಗೋಡೆಯಿದ್ದದ್ದರಿಂದ ಅದನ್ನು ಒಂದೇ ಕಡೆಯಿಂದ ನೋಡಬೇಕಾಗಿತ್ತು. ನೋಡುವವರಿಗೆ ತಲೆ ಎಡಕ್ಕೆ, ಬಾಲ ಬಲಕ್ಕೆ. ಕುತ್ತಿಗೆಯಲ್ಲಿ ಎರಡು ಮಣಿಗಳನ್ನು ಮೇಷ್ಟ್ರು ಬೇಕೆಂದೇ ಸ್ವಲ್ಪ ದೂರ ಇಟ್ಟಿದ್ದರು, ಮಕ್ಕಳು ಬೆರಳಿಟ್ಟು ಕುಳಿಯನ್ನು ಮುಟ್ಟಿ ನೋಡಲಿ ಎಂದು. ಅಷ್ಟು ಬೆರಳುಗಳು ತಾಗಿ ತಾಗಿ ಆ ಕುಳಿ ಪಿಂಗಾಣಿಯಂತೆ ನುಣುಪಾಗಿತ್ತು.

ತೊಂದರೆ ಶುರುವಾದದ್ದು ಒಂದು ಪುಸ್ತಕದಿಂದ.

ನಿರ್ದೇಶಕರು ಶಾಲೆಗಳಿಗೆ ಪ್ರಾಣಿಗಳ ಎಲುಬಿನ ಬಗ್ಗೆ ಪಠ್ಯಪುಸ್ತಕ ಬರೆದರು. ಅದಕ್ಕೆ ಮುನ್ನುಡಿ ಬರೆದವರು ಊರಿನ ದೊಡ್ಡ ಮೂಳೆ ಡಾಕ್ಟರು. ಭಾಷೆ ತಿದ್ದಿದವರು ಪಕ್ಕದ ವಿಭಾಗದ ಪಂಡಿತರು. ಚಿತ್ರಗಳು ಮಾತ್ರ ಮೇಷ್ಟ್ರವು: ಹಜಾರದ ಮೊಸಳೆಯನ್ನು ನೋಡಿ ಬರೆದ ಎಡಮುಖದ ಮೊಸಳೆ, ಅದರ ಕೆಳಗೆ ದೊಡ್ಡದಾಗಿ ಬರೆದ ಒಂದೇ ಒಂದು ಮಣಿ, ಎಡಕ್ಕೆ ಕುಳಿ, ಬಲಕ್ಕೆ ಉಬ್ಬು.

ಮುದ್ರಣಾಲಯದಲ್ಲಿ ಪುಟ ಜೋಡಿಸುವವನಿಗೆ ತನ್ನದೇ ಆದ ಒಂದು ಶಾಸ್ತ್ರವಿತ್ತು. ಪುಟದಲ್ಲಿರುವ ಪ್ರಾಣಿ ಪುಸ್ತಕದ ಒಳಕ್ಕೆ ನೋಡಬೇಕು, ಹೊರಕ್ಕೆ ನೋಡಿದರೆ ಓದುವವರ ಕಣ್ಣೂ ಅದರ ಹಿಂದೆ ಹೊರಗೆ ಹೋಗುತ್ತದೆ. ಮೊಸಳೆ ಬಿದ್ದದ್ದು ಎಡಗಡೆಯ ಪುಟದಲ್ಲಿ. ಅವನು ಅದನ್ನು ಕನ್ನಡಿಯಲ್ಲಿ ಕಂಡಂತೆ ಹೊರಳಿಸಿ ಬಲಮುಖ ಮಾಡಿದ. ಕೆಳಗಿನ ಮಣಿಗೆ ಮೂತಿಯೇ ಇರಲಿಲ್ಲ. ಅದು ಎತ್ತ ನೋಡಿದರೇನು ಎಂದು ಹಾಗೇ ಬಿಟ್ಟ. ಅಲ್ಲಿಗೆ ಮೊಸಳೆಯ ತಲೆ ಬಲಕ್ಕೂ ಅದರ ಮಣಿಯ ಕುಳಿ ಎಡಕ್ಕೂ ಆಗಿ, ಕುಳಿ ಬಾಲದ ಕಡೆಗೆ ತಿರುಗಿಕೊಂಡಿತು.

ಕರಡು ಮೇಷ್ಟ್ರ ಕೈಗೂ ಬಂದಿತ್ತು, ಚಿತ್ರಗಳದ್ದು ಮಾತ್ರ. ಅವರು ಭೂತಗನ್ನಡಿ ಹಿಡಿದು ಮಣಿಯನ್ನು ಅಂಚಿನಿಂದ ಅಂಚಿಗೆ ನೋಡಿದರು. ಕುಳಿಯ ನೆರಳು ಚೆನ್ನಾಗಿ ಬಂದಿತ್ತು. ಮೇಲೆ ಇಡೀ ಮೊಸಳೆಯೇ ಮಗ್ಗುಲು ಬದಲಿಸಿದ್ದು ಅವರ ಕಣ್ಣಿಗೆ ಬೀಳಲಿಲ್ಲ. ಮಣಿಯನ್ನು ನೋಡುವವರು ಮೊಸಳೆಯನ್ನು ನೋಡುವುದಿಲ್ಲ. ‘ಸರಿಯಿದೆ’ ಎಂದು ಬರೆದು ಕೊಟ್ಟರು.

ತಪ್ಪು ಅಲ್ಲಿಗೇ ನಿಂತಿದ್ದರೆ ಬರಹವಾದರೂ ಸರಿ ಉಳಿಯುತ್ತಿತ್ತು. ಆದರೆ ಪಂಡಿತರು ಜಾಗರೂಕರು. ಬರಹದಲ್ಲಿ ಕುಳಿ ತಲೆಯ ಕಡೆಗೆ, ಚಿತ್ರದಲ್ಲಿ ಬಾಲದ ಕಡೆಗೆ. ಇದನ್ನು ಕಂಡುಹಿಡಿದವರು ಅವರೇ. ಚಿತ್ರ ಬದಲಿಸುವುದಕ್ಕಿಂತ ಮಾತು ಬದಲಿಸುವುದು ಸುಲಭ. ಅವರು ‘ತಲೆ’ ಎಂದಿದ್ದಲ್ಲಿ ‘ಬಾಲ’ ಎಂದು ತಿದ್ದಿದರು. ಪುಸ್ತಕ ಅಚ್ಚಾಯಿತು, ಶಾಲೆಗಳಿಗೆ ಹೋಯಿತು, ಪರೀಕ್ಷೆಯಲ್ಲಿ ಪ್ರಶ್ನೆಯಾಗಿಯೂ ಬಂತು.

ಒಂದು ದಿನ ಶಾಲೆಯೊಂದರ ಅಧ್ಯಾಪಕಿ ಮಕ್ಕಳನ್ನು ಕರೆದುಕೊಂಡು ಹಜಾರಕ್ಕೆ ಬಂದರು. ಪುಸ್ತಕ ಬಿಚ್ಚಿ ಮೊಸಳೆಯ ಮುಂದೆ ಹಿಡಿದರು. ಮೊಸಳೆಯನ್ನು ನೋಡಿದರು, ಪುಸ್ತಕವನ್ನು ನೋಡಿದರು. ನಂತರ ನೇರವಾಗಿ ಮಹಡಿ ಹತ್ತಿ ನಿರ್ದೇಶಕರ ಕೋಣೆಗೆ ಹೋಗಿ ದೂರು ಕೊಟ್ಟರು: ಇಲ್ಲಿನ ವಸ್ತುಸಂಗ್ರಹಾಲಯದ ಮೊಸಳೆ ಪಠ್ಯಪುಸ್ತಕಕ್ಕೆ ವಿರುದ್ಧವಾಗಿದೆ, ಇದರಿಂದ ಮಕ್ಕಳ ಮನಸ್ಸಿನ ಮೇಲೆ ಕೆಟ್ಟ ಪರಿಣಾಮವಾಗುತ್ತಿದೆ.

ಹಜಾರಕ್ಕೆ ಹೊಸ ಬಣ್ಣ ಬಳಿದು ಮುಖ್ಯ ಅತಿಥಿಯೊಬ್ಬರಿಂದ ಮರು ಉದ್ಘಾಟನೆ ಮಾಡಿಸುವ ಸಿದ್ಧತೆ ಆಗ ನಡೆದಿತ್ತು. ಅಂಥ ಹೊತ್ತಿನಲ್ಲಿ ದೂರು ಬಂದರೆ ಸಮಿತಿ ಆಗದೆ ಇರುತ್ತದೆಯೇ? ಆಯಿತು. ಪುಸ್ತಕ ಬರೆದ ನಿರ್ದೇಶಕರು, ತಿದ್ದಿದ ಪಂಡಿತರು, ಮುನ್ನುಡಿಯ ಡಾಕ್ಟರು, ಮೂವರೂ ಸದಸ್ಯರು. ವಿಷಯ ಬಲ್ಲವರೇ ಇರಲಿ ಎಂದು.

ಸಮಿತಿಯ ಮುಂದೆ ಮೇಷ್ಟ್ರನ್ನು ಕರೆಸಿದರು. ಪುಸ್ತಕದ ಪುಟವನ್ನು ಅವರು ಆ ದಿನ ಮೊದಲ ಬಾರಿಗೆ ಪೂರ್ತಿ ನೋಡಿದರು. ನೋಡುತ್ತಿದ್ದಂತೆ ಕಿವಿ ಬಿಸಿಯಾಯಿತು.

“ಸರ್, ತಪ್ಪು ನಂದೇ. ಕರಡು ನಾನೇ ನೋಡಿದ್ದು. ಮಣಿ ನೋಡಿದೆ, ಮೊಸಳೆ ತಿರುಗಿದ್ದು ನೋಡ್ಲಿಲ್ಲ.”

ನಿರ್ದೇಶಕರು ಬಹಳ ವಾತ್ಸಲ್ಯದಿಂದ ನಕ್ಕರು. “ಅಲ್ಲಾ ಮೇಷ್ಟ್ರೇ, ಇಷ್ಟು ವರ್ಷದಲ್ಲಿ ನೀವೊಂದು ತಪ್ಪು ಮಾಡಿದ್ದು ನಾನು ನೋಡಿಲ್ಲ. ನೀವೇ ‘ಸರಿಯಿದೆ’ ಅಂತ ಬರೆದಿದ್ದೀರಿ. ಅಂದಮೇಲೆ ಪುಸ್ತಕದಲ್ಲಿ ತಪ್ಪು ಇರೋ ಪ್ರಶ್ನೆಯೇ ಇಲ್ಲ.”

“ಮೊಸಳೇಲಿ ಕುಳಿ ತಲೆ ಕಡೆಗೇ ಸರ್ ಇರೋದು.”

“ಯಾವ ಮೊಸಳೇಲಿ?”

“ಎಲ್ಲಾ ಮೊಸಳೇಲೂ.”

“ನೀವು ಎಷ್ಟು ಮೊಸಳೆ ಬಿಚ್ಚಿದ್ದೀರಿ?” ಎಂದರು ಪಂಡಿತರು.

“ಒಂದು.”

“ನೋಡಿ ಮತ್ತೆ! ಪುಸ್ತಕ ಸಾವಿರಾರು ಅಚ್ಚಾಗಿದೆ.”

ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವವರನ್ನು ಜಗತ್ತು ಕಂಡಿದೆ. ಆದರೆ ಆ ಮಾತು ನಿಜವಾಗಲೆಂದು ನಾಲ್ಕನೆಯ ಕಾಲನ್ನು ಕತ್ತರಿಸಹೊರಟ ಸಮಿತಿ ಅಪರೂಪ. ಮಣಿಗಳನ್ನೆಲ್ಲ ಸರಳಿನಿಂದ ಬಿಚ್ಚಿ, ಹಿಂದುಮುಂದಾಗಿ ತಿರುಗಿಸಿ, ಮತ್ತೆ ಪೋಣಿಸಬೇಕೆಂದು ತೀರ್ಮಾನವಾಯಿತು. ಮೇಷ್ಟ್ರು ಎಂದೂ ಇಲ್ಲದ ಧೈರ್ಯ ಮಾಡಿ ಇನ್ನೊಂದು ಮಾತು ಆಡಿದರು.

“ಕೂರಲ್ಲ ಸರ್. ತಿರುಗಿಸಿದರೆ ಕುತ್ತಿಗೆ ತುದೀಲಿ, ತಲೆ ಸೇರೋ ಕಡೆ, ಎರಡು ಉಬ್ಬು ಎದುರುಬದುರಾಗಿ ಗುದ್ದಾಡ್ತವೆ. ಸೊಂಟದ ಹತ್ರ ಎರಡು ಕುಳಿ ಬಾಯಿ ಬಿಟ್ಕೊಂಡು ನಿಲ್ತವೆ.”

ಡಾಕ್ಟರು ಕೈಗಡಿಯಾರ ನೋಡಿಕೊಂಡರು. ದಿನಕ್ಕೆ ಹತ್ತಾರು ಬೆನ್ನು ನೋಡುವವರು. ಒಂದು ಬೆನ್ನಿಗೆ ಇಷ್ಟು ಹೊತ್ತು ಕೊಟ್ಟು ಅವರಿಗೆ ಅಭ್ಯಾಸವಿರಲಿಲ್ಲ. “ಉಬ್ಬನ್ನು ಅರ ಹಾಕಿ ಉಜ್ಜಿಬಿಡಿ. ಕುಳಿಗೆ ಪ್ಲಾಸ್ಟರ್ ತುಂಬಿ. ನಾವು ಮನುಷ್ಯರಿಗೇ ಮಾಡ್ತೀವಿ. ಮೊಸಳೆಗೇನು, ನೋವು ಅಂತ ಬಂದು ಕೂರುತ್ತಾ?”

ಪಂಡಿತರು ತೀರ್ಮಾನವನ್ನು ಹೇಳಿ ಬರೆಸಿದರು: ‘ಪುಸ್ತಕದ ಚಿತ್ರದಲ್ಲಿ ಕಾಣುವಂತೆ, ನೋಡುಗರಿಗೆ ಮಣಿಗಳ ಕುಳಿ ಎಡಕ್ಕೆ ಬರುವ ಹಾಗೆ ಮೊಸಳೆಯನ್ನು ಸರಿಪಡಿಸತಕ್ಕದ್ದು.’ ಮೇಷ್ಟ್ರ ಬಾಯಿಂದ ಅಭ್ಯಾಸಬಲದಿಂದ ಎರಡು ಶಬ್ದ ಹೊರಬಿದ್ದವು.

“ಆಗಲಿ ಸರ್.”

ಆ ಸಂಜೆ ಮನೆಯಲ್ಲಿ ಅವರು ತಟ್ಟೆಯ ಮುಂದೆ ಕೂತು ಅನ್ನವನ್ನು ಈ ಬದಿಯಿಂದ ಆ ಬದಿಗೆ ಸರಿಸಿದರು. ಹೆಂಡತಿ ಯಂತ್ರ ನಿಲ್ಲಿಸಿದಳು.

“ಏನಾಯ್ತು? ಯಾರಾದರೂ ಸತ್ರಾ?”

“ಇನ್ನೂ ಇಲ್ಲ,” ಎಂದರು ಮೇಷ್ಟ್ರು. ನಡೆದದ್ದನ್ನೆಲ್ಲ ಹೇಳಿದರು.

ಒಳಕೋಣೆಯಿಂದ ಅತ್ತೆ ಕೂಗಿದರು. “ಅಳಿಯಂದಿರೇ, ಸತ್ತ ಮೊಸಳೆಗೆ ಇಷ್ಟು ಸಂಕಟ ಪಡ್ತೀರಲ್ಲ, ಬದುಕಿರೋ ನನ್ನ ಬೆನ್ನು ಒಂದು ದಿನ ನೋಡಿದ್ದೀರಾ? ಮಣಿ ಮೇಷ್ಟ್ರ ಮನೇಲಿ ಇದ್ದೂ ಬಗ್ಗೋಕಾಗಲ್ಲ ನನಗೆ!”

“ಅಮ್ಮಾ, ನೀನು ಸುಮ್ನಿರು. ನಿನ್ನ ಬೆನ್ನಿಗೆ ಯಾರೂ ಅರ ಹಾಕ್ತಿಲ್ಲ.” ಹೆಂಡತಿ ಗಂಡನ ಕಡೆ ತಿರುಗಿದಳು. “ಆಗಲ್ಲ ಅನ್ನಿ.”

“ಅಭ್ಯಾಸ ಇಲ್ಲ.”

“ನನ್ನ ಹತ್ರ ಅಂತೀರಲ್ಲ! ಪರದೆ ಒಗೆದುಹಾಕಿ ಅಂದ್ರೆ ಆಗಲ್ಲ, ಸಕ್ಕರೆ ತನ್ನಿ ಅಂದ್ರೆ ಆಗಲ್ಲ.”

“ನೀನು ನಿರ್ದೇಶಕಿ ಅಲ್ವಲ್ಲ.”

“ಹೌದಾ? ಹಾಗಾದರೆ ಈ ಮನೆ ನಡೆಸ್ತಿರೋರು ಯಾರು ಅಂತ ಸ್ವಲ್ಪ ಹೇಳಿ.”

ಮೇಷ್ಟ್ರು ತಟ್ಟೆಯನ್ನು ಪಕ್ಕಕ್ಕೆ ಸರಿಸಿದರು. ಯಾರಿಗೋ ಎಂಬಂತೆ ಹೇಳಿದರು: “ತಿರುಗಿಸಿದ್ದನ್ನು ಮತ್ತೆ ತಿರುಗಿಸಬಹುದು. ಉಜ್ಜಿದ್ದು ವಾಪಸ್ ಬೆಳೆಯಲ್ಲ.” ಹೆಂಡತಿ ಮುಂದೆ ಗೇಲಿ ಮಾಡಲಿಲ್ಲ. ಅನ್ನ ಬಿಸಿ ಮಾಡಿ ತಂದಿಟ್ಟಳು.

ಮರುದಿನ ಹಜಾರದಲ್ಲಿ ಮೇಷ್ಟ್ರು ಅರ ಹಿಡಿದು ಕುತ್ತಿಗೆಯ ತುದಿಯಲ್ಲಿ ನಿಂತರು. ಎಲುಬಿನ ಹತ್ತಿರ ಅರ ಒಯ್ದರು. ಅರದ ಹಲ್ಲಿನಲ್ಲಿ ಹಿಂದಿನ ಯಾವುದೋ ಕೆಲಸದ ಕಬ್ಬಿಣದ ಪುಡಿ ಕಂಡಿತು. ಅದನ್ನು ಬ್ರಷ್ಷಿನಿಂದ ಉಜ್ಜಿ ತೆಗೆದರು. ಬ್ರಷ್ಷಿನಲ್ಲಿ ಧೂಳಿತ್ತು, ಅದನ್ನು ಹೊರಗೆ ಹೋಗಿ ಕೊಡವಿ ಬಂದರು. ಬಂದಮೇಲೆ ಬೆಳಕು ಸಾಲದೆನಿಸಿತು. ಹೀಗೆ ಮಧ್ಯಾಹ್ನವಾಯಿತು. ಇಷ್ಟು ವರ್ಷ ಕಚೇರಿಯ ಬೇರೆಯವರು ಕೆಲಸ ಮುಂದಕ್ಕೆ ಹಾಕುತ್ತಿದ್ದುದನ್ನು ಅವರು ಆಲಸ್ಯವೆಂದು ಭಾವಿಸಿದ್ದರು. ಅದಕ್ಕೆ ಎಷ್ಟು ಶ್ರಮ ಬೇಕೆಂಬುದು ಈಗ ತಿಳಿಯಿತು.

ಕೊನೆಗೆ ಒಂದು ಕೆಲಸ ಮಾಡಿದರು. ಮಹಡಿ ಹತ್ತಿ, ಯಾವ ಯಾವ ಮಣಿಯನ್ನು ಎಷ್ಟೆಷ್ಟು ಉಜ್ಜಬೇಕೆಂದು ಸಮಿತಿಯವರೇ ಬಂದು ಸೀಮೆಸುಣ್ಣದಿಂದ ಗುರುತು ಹಾಕಿಕೊಡಬೇಕೆಂದು ವಿನಂತಿಸಿದರು. ನಾಳೆ ಯಾರಾದರೂ ಕೇಳಿದರೆ ಸಮಿತಿಯ ಮಾರ್ಗದರ್ಶನದಲ್ಲೇ ಆಯಿತು ಎನ್ನಬಹುದಲ್ಲ ಎಂದರು. ಮಾರ್ಗದರ್ಶನ ಎಂಬ ಮಾತಿಗೆ ನಿರ್ದೇಶಕರು ಕರಗಿದರು.

ಮೂವರೂ ಇಳಿದು ಬಂದರು. ಪಂಡಿತರ ಕೈಯಲ್ಲಿ ಬಿಚ್ಚಿದ ಪುಸ್ತಕ, ಡಾಕ್ಟರ ಕೈಯಲ್ಲಿ ಸೀಮೆಸುಣ್ಣ. ಮೊಸಳೆಯನ್ನು ಇವರಲ್ಲಿ ಯಾರೂ ಬಹಳ ಕಾಲದಿಂದ ಹತ್ತಿರದಿಂದ ನೋಡಿರಲಿಲ್ಲ. ಪಂಡಿತರು ಪುಸ್ತಕದ ಮಣಿಯನ್ನು ನೋಡಿದರು, ಕುತ್ತಿಗೆಯಲ್ಲಿ ಬಿಡಿಸಿಟ್ಟಿದ್ದ ಮಣಿಯನ್ನು ನೋಡಿದರು.

“ಇಲ್ಲಿ ಕುಳಿ ಎಡಕ್ಕೇ ಇದೆಯಲ್ಲ!”

“ಹೌದು ಸರ್,” ಎಂದರು ಮೇಷ್ಟ್ರು.

“ಪುಸ್ತಕದಲ್ಲೂ ಎಡಕ್ಕೇ ಇದೆ.”

“ಹೌದು ಸರ್.”

ನಿರ್ದೇಶಕರು ಪುಸ್ತಕ ಕಿತ್ತುಕೊಂಡು ನೋಡಿದರು. “ಹಾಗಾದರೆ ಆ ಅಧ್ಯಾಪಕಿ ಹೇಳಿದ್ದೇನು? ಏನೋ ವ್ಯತ್ಯಾಸ ಇದೆ ಅಂದರಲ್ಲ.”

ಮೂವರೂ ಹೋಲಿಸತೊಡಗಿದರು. ಮೇಷ್ಟ್ರು ಒಬ್ಬೊಬ್ಬರ ಮುಖವನ್ನೂ ನೋಡಿದರು. ಇನ್ನೊಂದು ಹೆಜ್ಜೆ ಮುಂದೆ ಹೋದರೆ ಇವರಿಗೆ ಪುಸ್ತಕದ ಮೊಸಳೆಯೇ ಹೊರಳಿದೆಯೆಂದು ಹೊಳೆಯಲೇಬೇಕು, ಎಂದುಕೊಂಡರು. ಪಂಡಿತರ ಮುಖ ಬೆಳಗಿತು.

“ಸಿಕ್ತು! ಮಣಿಗಳೆಲ್ಲ ಸರಿಯಾಗೇ ಇವೆ. ತಲೆ ತಪ್ಪು ಕಡೆ ಇದೆ. ಪುಸ್ತಕದಲ್ಲಿ ನೋಡಿ, ತಲೆ ಬಲಕ್ಕೆ. ಇಲ್ಲಿ ಎಡಕ್ಕೆ.”

“ತಲೆ ಹೇಗೆ ಕೂರಿಸಿದೆ?” ಎಂದರು ಡಾಕ್ಟರು.

“ಒಂದು ಬೋಲ್ಟಿನಲ್ಲಿ ಸರ್.”

“ಮತ್ತೆ? ಇಷ್ಟೂ ಮಣಿ ತಿರುಗಿಸೋ ಬದಲು ಒಂದು ಬೋಲ್ಟ್ ಬಿಚ್ಚಿದರೆ ಮುಗೀತು. ಶಸ್ತ್ರಚಿಕಿತ್ಸೆ ಯಾವತ್ತೂ ಚಿಕ್ಕದಿರಬೇಕು.”

ಎತ್ತು ಈಯಿತು ಎಂದರೆ ಕೊಟ್ಟಿಗೆಯಲ್ಲಿ ಕಟ್ಟು ಎನ್ನುವವರು ಬಾಣಂತನಕ್ಕೂ ಏರ್ಪಾಡು ಮಾಡಿದ್ದರು. ಮೇಷ್ಟ್ರು ನಿರ್ದೇಶಕರ ಮುಖ ನೋಡಿದರು. ಉದ್ಘಾಟನೆ ಹತ್ತಿರವಾಗಿತ್ತು, ನಿರ್ದೇಶಕರಿಗೆ ಬೇಗ ಮುಗಿಯುವುದೆಲ್ಲ ಸರಿಯೆಂದೇ ಕಾಣುತ್ತಿತ್ತು.

“ತಲೆ ಬಲಕ್ಕೆ ಹಾಕಿಬಿಡಿ ಮೇಷ್ಟ್ರೇ. ಉಜ್ಜೋದು ಗಿಜ್ಜೋದು ಏನೂ ಬೇಡ.”

“ಉಜ್ಜೋದು ಬೇಡ ತಾನೆ ಸರ್?”

“ಬೇಡ ಅಂದೆನಲ್ಲ.”

“ಆಗಲಿ ಸರ್!” ಎಂದರು ಮೇಷ್ಟ್ರು. ಆ ಮಾತನ್ನು ಅವರು ಅಷ್ಟು ಮನಸಾರೆ ಹಿಂದೆಂದೂ ಹೇಳಿರಲಿಲ್ಲ.

ಕೆಲಸವನ್ನು ಅವರು ಅಚ್ಚುಕಟ್ಟಾಗಿಯೇ ಮಾಡಿದರು. ಬೋಲ್ಟು ಬಿಚ್ಚಿ, ತೊಟ್ಟಿಲಿನಷ್ಟು ದೊಡ್ಡದಾದ ತಲೆಬುರುಡೆಯನ್ನು, ಹಜಾರದ ದುರಸ್ತಿಗೆ ಬಂದಿದ್ದ ಬಡಗಿಯೊಡನೆ ಹೊತ್ತು ಬಲಕ್ಕೆ ತಂದರು. ಬಾಲದ ತುದಿ ಕಿರುಬೆರಳಿನಷ್ಟು ಸಣ್ಣ. ತಲೆಯ ಭಾರ ಅದು ಹೊರುವಂತಿರಲಿಲ್ಲ. ಆದ್ದರಿಂದ ಕೆಳಗೊಂದು ಮುಕ್ಕಾಲಿ ಇಟ್ಟರು.

“ಮೇಷ್ಟ್ರೇ, ಕಾಲಿನ ಬೆರಳೆಲ್ಲ ಆ ಕಡೆ ನೋಡ್ತಿವೆಯಲ್ಲ. ಇದು ಮುಂದೆ ಹೋಗುತ್ತೋ ಹಿಂದೆ ಹೋಗುತ್ತೋ?” ಎಂದು ಬಡಗಿ ಕೇಳಿದ.

“ಅದು ಸಮಿತಿಗೆ ಬಿಟ್ಟದ್ದು,” ಎಂದರು ಮೇಷ್ಟ್ರು.

ಅಂದು ಮನೆಗೆ ಹೋಗಿ ಅವರು ಎರಡು ಸಲ ಅನ್ನ ಹಾಕಿಸಿಕೊಂಡರು. ವಿಷಯ ಕೇಳಿ ಹೆಂಡತಿ ನಕ್ಕ ರಭಸಕ್ಕೆ ಯಾರದೋ ಅಂಗಿಯ ತೋಳನ್ನು ಕುತ್ತಿಗೆಗೆ ಹೊಲಿದುಬಿಟ್ಟಳು. “ನೋಡಿ, ನಿಮ್ಮ ಸಮಿತಿ ಇಲ್ಲೂ ಬಂತು,” ಎಂದು ದಾರ ಬಿಚ್ಚತೊಡಗಿದಳು. ಬಿಚ್ಚುತ್ತಲೇ ಕೇಳಿದಳು: “ತಲೆ ಅಲ್ಲೇ ಇರಲಿ ಅಂತ ಅವರು ಅಂದರೆ?”

ಮೇಷ್ಟ್ರ ನಗು ಇಳಿಯಿತು. ಆ ಸಾಧ್ಯತೆ ಅವರಿಗೆ ಹೊಳೆದೇ ಇರಲಿಲ್ಲ.

ಉದ್ಘಾಟನೆಯ ಹಿಂದಿನ ದಿನ ನಿರ್ದೇಶಕರು ಹಜಾರಕ್ಕೆ ಬಂದರು. ಬಾಗಿಲಲ್ಲೇ ನಿಂತರು. ಬಾಗಿಲಿನಿಂದ ಎಲ್ಲಕ್ಕಿಂತ ಮುಂಚೆ ಕಣ್ಣಿಗೆ ಬೀಳುತ್ತಿದ್ದುದು ಈಗ ಕುತ್ತಿಗೆಯ ಮೊಂಡು ತುದಿ, ಅದರಿಂದ ಇಣುಕುವ ಸರಳು. ಅಲ್ಲಿಂದ ನಡೆಯುತ್ತ ಹೋದರು: ಭುಜ, ಪಕ್ಕೆಲುಬು, ಸೊಂಟ, ಉದ್ದನೆಯ ಬಾಲ, ತೆಳ್ಳಗಾಗುತ್ತ ತೆಳ್ಳಗಾಗುತ್ತ ಇನ್ನೇನು ಮುಗಿಯಿತು ಎನ್ನುವಲ್ಲಿ ಮುಕ್ಕಾಲಿಯ ಮೇಲೆ ಅಗಾಧವಾದ ತಲೆ, ಬಾಯಿ ತೆರೆದುಕೊಂಡು. ಅದು ಮೊದಲೂ ಬಾಯಿ ತೆರೆದೇ ಇತ್ತು. ಈಗ ಮಾತ್ರ ನಗುತ್ತಿರುವಂತೆ ಕಂಡಿತು.

ನಿರ್ದೇಶಕರು ಮೇಷ್ಟ್ರ ಕಡೆ ತಿರುಗಿದರು.

“ಮೇಷ್ಟ್ರೇ, ಇದನ್ನು ನೋಡಿ ನಾಳೆ ಜನ ನಗ್ತಾರೆ.”

“ಪುಸ್ತಕದ ಪ್ರಕಾರ ಇದೆ ಸರ್.”

“ಪುಸ್ತಕದ ಪ್ರಕಾರ ಇದೆ ರೀ, ಮೊಸಳೆ ಪ್ರಕಾರ ಇಲ್ಲ!”

ಹೇಳಿದ ಮೇಲೆ ತಾವು ಹೇಳಿದ್ದು ಅವರಿಗೇ ಕೇಳಿಸಿತು. ಸುತ್ತ ನೋಡಿದರು, ಮೇಷ್ಟ್ರನ್ನು ಬಿಟ್ಟರೆ ಕೇಳಿಸಿಕೊಂಡವರು ಎಲುಬುಗಳು ಮಾತ್ರ. ಕುರ್ಚಿ ಎಳೆದು ಕೂತರು. ಎರಡೂ ಕಡೆ ಉಬ್ಬಿದ್ದ ಮಣಿಗೆ ಯಾವ ಕಡೆಗೂ ನೂಕಲು ಜಾಗವಿಲ್ಲದಾಗಿತ್ತು. ಪುಸ್ತಕ ತಪ್ಪು ಎಂದರೆ ತಾವು ತಪ್ಪು; ಮೊಸಳೆ ತಪ್ಪು ಎಂದರೆ ಮುಖ್ಯ ಅತಿಥಿಯ ಮುಂದೆ ನಗೆಪಾಟಲು.

“ತಲೆ ಮೊದಲಿದ್ದ ಕಡೆಗೇ ಹಾಕಿ,” ಎಂದರು ಕೊನೆಗೆ.

“ಆಗಲಿ ಸರ್. ಮಣಿ?”

“ಮಣಿ ಮುಟ್ಟಬೇಡಿ.”

“ಯಾವತ್ತೂ?”

“ಯಾವತ್ತೂ. ನಾನು ಹೇಳಿದೆ ಅಂತ ಬರೆದಿಟ್ಟುಕೊಳ್ಳಿ ಬೇಕಾದರೆ.”

“ಪುಸ್ತಕ ಸರ್?”

“ಪುಸ್ತಕ ಪುಸ್ತಕದ ಪಾಡಿಗೆ ಇರಲಿ.”

“ಮಕ್ಕಳು ಎರಡನ್ನೂ ನೋಡಿ ಕೇಳಿದರೆ?”

ದೊಡ್ಡ ಹುದ್ದೆಗೆ ಏರಿದವರು ಸುಮ್ಮನೆ ಏರಿರುವುದಿಲ್ಲ. ನಿರ್ದೇಶಕರು ಕುರ್ಚಿಯಿಂದ ಏಳುವಷ್ಟರಲ್ಲಿ ಹಾವೂ ಸಾಯದ, ಕೋಲೂ ಮುರಿಯದ ಉಪಾಯವೊಂದನ್ನು ಕಂಡುಕೊಂಡಿದ್ದರು.

“ಒಂದು ಫಲಕ ಬರೆದು ಮುಂದೆ ಇಡಿ. ‘ಈ ಮೊಸಳೆ ಪಠ್ಯಕ್ರಮಕ್ಕೆ ಸೇರಿಲ್ಲ.’ ಅಷ್ಟೇ.”

ಮೇಷ್ಟ್ರು ಆ ಫಲಕವನ್ನು ತಮ್ಮ ಅತ್ಯಂತ ದುಂಡಾದ ಅಕ್ಷರಗಳಲ್ಲಿ ಬರೆದರು. ಬರೆಯುವಾಗ ಮನಸ್ಸು ಪೂರ್ತಿ ಹಗುರವಾಗಿರಲಿಲ್ಲ. ‘ಸರಿಯಿದೆ’ ಎಂದು ತಾವು ಬರೆದುಕೊಟ್ಟ ಪುಟ ಶಾಲೆಗಳಲ್ಲಿ ಇನ್ನೂ ತಿರುವಲಾಗುತ್ತಿತ್ತು. ಅದಕ್ಕೆ ಹಚ್ಚಲು ಫಲಕವಿರಲಿಲ್ಲ. ಆದರೆ ಕುತ್ತಿಗೆಯ ಉಬ್ಬು ಉಬ್ಬಾಗಿಯೇ ಉಳಿದಿತ್ತು, ಸೊಂಟದ ಕುಳಿ ಕುಳಿಯಾಗಿಯೇ. ತಲೆಯನ್ನು ಮರಳಿ ಕೂರಿಸಿದಾಗ ಅವರು ಕಿವಿಗೊಟ್ಟು ಕಾದರು. ಟಕ್ಕೆಂದಿತು.

ಉದ್ಘಾಟನೆ ಸುಸೂತ್ರವಾಗಿ ನಡೆಯಿತು. ಮುಖ್ಯ ಅತಿಥಿ ಫಲಕ ಓದಿ, ಪಠ್ಯಕ್ರಮದ ಹೊರಗಿನ ಜ್ಞಾನಕ್ಕೂ ಸಂಸ್ಥೆ ಸ್ಥಳ ಕೊಟ್ಟಿರುವುದನ್ನು ಮೆಚ್ಚಿ ಮಾತಾಡಿದರು. ನಿರ್ದೇಶಕರು ವಿನಯದಿಂದ ತಲೆ ಬಾಗಿಸಿದರು.

ಯಾರೂ ಎಣಿಸದಿದ್ದದ್ದು ಆಮೇಲೆ ನಡೆಯಿತು. ಅದುವರೆಗೆ ಶಾಲೆಯ ಮಕ್ಕಳು ಹಜಾರದಲ್ಲಿ ಸಾಲಾಗಿ ನಡೆದು, ಪರೀಕ್ಷೆಗೆ ಬರುವುದನ್ನಷ್ಟೇ ಬರೆದುಕೊಂಡು, ಆಕಳಿಸುತ್ತ ಹೋಗುತ್ತಿದ್ದರು. ಫಲಕ ಬಂದಮೇಲೆ ಆನೆ, ಕುದುರೆ, ತಿಮಿಂಗಿಲಗಳ ಮುಂದೆ ಯಾರೂ ನಿಲ್ಲದಾದರು. ಪಠ್ಯಕ್ರಮಕ್ಕೆ ಸೇರದ ಪ್ರಾಣಿಯೊಂದಿದೆಯಂತೆ ಎಂದು ಎಲ್ಲರೂ ನೇರ ಮೊಸಳೆಗೆ ಮುತ್ತಿಗೆ ಹಾಕಿದರು. ಕುಳಿಗೆ ಬೆರಳಿಡಲು ನೂಕುನುಗ್ಗಲಾಯಿತು. “ಏನ್ ಸರ್ ತಪ್ಪು ಮಾಡಿತ್ತು ಇದು?” ಎಂದು ಅವರು ಕೇಳುತ್ತಿದ್ದರು. ಮೇಷ್ಟ್ರು ಕಿಸೆಯಿಂದ ಕಲ್ಲುಮಣಿಯನ್ನು ತೆಗೆದು, ಮುತ್ತಜ್ಜನಿಂದ ಶುರುಮಾಡುತ್ತಿದ್ದರು.

ಒಂದು ಮಧ್ಯಾಹ್ನ ಹೆಂಡತಿ ತಾಯಿಯನ್ನೂ ಕರೆದುಕೊಂಡು ಬಂದಳು. ಅತ್ತೆ ಮೊಸಳೆಯನ್ನು ನೋಡುತ್ತಿದ್ದುದು ಇದೇ ಮೊದಲು; ಇಷ್ಟು ವರ್ಷ ಅವರಿಗೆ ಅದರ ವಾಸನೆಯ ನೆನಪೇ ಸಾಕಾಗಿತ್ತು. ಮಕ್ಕಳು ದಾರಿ ಬಿಟ್ಟರು. ಅತ್ತೆ ಸೊಂಟಕ್ಕೆ ಕೈಕೊಟ್ಟು ಕಷ್ಟದಿಂದ ಬಗ್ಗಿ, ಬಿಡಿಸಿಟ್ಟ ಮಣಿಯ ಕುಳಿಯೊಳಗೆ ಹೆಬ್ಬೆರಳಿಟ್ಟು ಅದರ ನುಣುಪನ್ನು ಸವರಿದರು.

“ಅಳಿಯಂದಿರೇ, ಕೆಲಸ ಚೆನ್ನಾಗಿದೆ,” ಎಂದರು. ಆಮೇಲೆ ನೆಟ್ಟಗಾಗಲು ಹೋಗಿ ಅರ್ಧದಲ್ಲೇ ನಿಂತರು. “ಈಗ ನನ್ನನ್ನು ಎತ್ತಿ. ಹಿಡ್ಕೊಂಡಿತು.”

ಮೇಷ್ಟ್ರು ಬಲಗೈಯನ್ನು ಅವರ ಬೆನ್ನಿಗೆ ಕೊಟ್ಟು, ಮಣಿಯಿಂದ ಮಣಿಗೆ ಬೆರಳು ಸರಿಸುತ್ತ, ನಿಧಾನವಾಗಿ ಎಬ್ಬಿಸಿ ನಿಲ್ಲಿಸಿದರು.